ಒಲವು, ಹಂಬಲ, ಅಗಲಿಕೆಯ ಹಾಡುಗಳು: ಪದೇ ಪದೇ ಕೇಳುವ ಪ್ರಶ್ನೆಗಳು

ಮೈಸೂರಿನ ಸರಸ್ವತಿಪುರಂನ ಒಂದು ಮನೆಯ ಜಗಲಿಯಲ್ಲಿ ತಿಂಗಳಿಗೊಂದು ಭಾನುವಾರ ನಾವು ಹತ್ತು ಹನ್ನೆರಡು ಜನ ಸೇರಿ ಕವಿತೆ ಓದುತ್ತೇವೆ. ಅರ್ಧ ಜನ ಮಂಡ್ಯದ ಕಡೆಯವರು. ಹೊಸದಾಗಿ ಬಂದವರು ಕೇಳುವ ಪ್ರಶ್ನೆಗಳು ಹೆಚ್ಚು ಕಡಿಮೆ ಅವೇ. ಪ್ರತಿ ಸಲ ಕಾಫಿ ಆರುವ ತನಕ ಅದನ್ನೇ ಹೇಳುವ ಬದಲು ಒಂದು ಕಡೆ ಬರೆದಿಟ್ಟಿದ್ದೇನೆ. ಉತ್ತರಗಳು ನನ್ನವು. ಕೂಟದಲ್ಲಿ ಒಪ್ಪದವರೂ ಇದ್ದಾರೆ.

ವಿರಹದ ಹಾಡು ಅಂದರೆ ಅಳುವ ಹಾಡಾ?

ಅಲ್ಲ. ಈ ತಪ್ಪು ತಿಳಿವಳಿಕೆ ತುಂಬಾ ಜಾಸ್ತಿ. ನಮ್ಮ ಹಳೆಯ ಕಾವ್ಯಶಾಸ್ತ್ರದವರು ಸಾವಿನ ದುಃಖವನ್ನೂ ಅಗಲಿಕೆಯ ದುಃಖವನ್ನೂ ಒಂದೇ ಚೀಲಕ್ಕೆ ತುಂಬಲಿಲ್ಲ. ಸತ್ತವರು ಬರುವುದಿಲ್ಲ, ಅದು ಕರುಣ. ದೂರ ಹೋದವರು ಬರಬಹುದು, ಅದು ವಿಪ್ರಲಂಭ. ವಿಪ್ರಲಂಭವನ್ನು ಅವರು ಶೃಂಗಾರದ ಮನೆಯಲ್ಲೇ ಇಟ್ಟರು. ಕೂಡಿ ಇರುವುದು ಆ ಮನೆಯ ಒಂದು ಕೋಣೆ, ಅಗಲಿ ಇರುವುದು ಇನ್ನೊಂದು. ನಾಟ್ಯಶಾಸ್ತ್ರ ಬರೆದ ಭರತನೇ ಈ ವ್ಯತ್ಯಾಸ ಹೇಳಿದ್ದಾನೆ: ಕರುಣದಲ್ಲಿ ನಿರೀಕ್ಷೆ ಇಲ್ಲ, ವಿಪ್ರಲಂಭದಲ್ಲಿ ಇದೆ.

ಹಾಗಾಗಿ ಒಳ್ಳೆಯ ವಿರಹದ ಹಾಡಿನಲ್ಲಿ ಒಂದು ಕಿವಿ ಯಾವಾಗಲೂ ಬಾಗಿಲ ಕಡೆಗಿರುತ್ತದೆ. ಹಾಡು ಕೇಳುವಾಗ ನಾನು ಮೊದಲು ಹುಡುಕುವುದು ಆ ಬಾಗಿಲನ್ನೇ.

ಅಗಲಿಕೆಯಲ್ಲೂ ಬಗೆಗಳು ಇವೆಯಂತೆ, ಹೌದಾ?

ಇವೆ. ಸಾಮಾನ್ಯವಾಗಿ ನಾಲ್ಕು ಹೇಳುತ್ತಾರೆ. ಇನ್ನೂ ಸೇರದೆ ಇರುವಾಗಿನ ಹಂಬಲ ಪೂರ್ವರಾಗ. ಊರು ಬಿಟ್ಟು ಹೋದಾಗಿನದು ಪ್ರವಾಸ. ಒಬ್ಬರು ತೀರಿಕೊಂಡರೂ ಮತ್ತೆ ಸಿಗುತ್ತಾರೆ ಎಂದು ಕಾಯುವುದು ಕರುಣವಿಪ್ರಲಂಭ. ಬಾಣನ ಸಂಸ್ಕೃತ ಗದ್ಯಕಾವ್ಯ ‘ಕಾದಂಬರಿ’ಯಲ್ಲಿ ಮಹಾಶ್ವೇತೆ ತನ್ನ ನಲ್ಲ ಪುಂಡರೀಕನಿಗಾಗಿ ಕಾಯುತ್ತಾಳಲ್ಲ, ಅದು. ಆ ಕಥೆಯನ್ನು ಕನ್ನಡಕ್ಕೆ ತಂದವನು ನಾಗವರ್ಮ.

ನನಗೆ ತುಂಬಾ ಇಷ್ಟವಾದ್ದು ನಾಲ್ಕನೆಯದು, ಮಾನ. ಅಂದರೆ ಮುನಿಸು. ಒಂದೇ ಸೂರಿನ ಕೆಳಗೆ ಇಬ್ಬರೂ ಇದ್ದಾರೆ. ಬಸ್ಸಿಲ್ಲ, ಕಾಗದ ಇಲ್ಲ, ನದಿ ಬೆಟ್ಟ ಏನೂ ಅಡ್ಡ ಇಲ್ಲ. ತಟ್ಟೆ ಇಡುವ ಸದ್ದು ಮಾತ್ರ ದಿನಕ್ಕಿಂತ ಸ್ವಲ್ಪ ಜೋರು. ಇದನ್ನೂ ಅಗಲಿಕೆ ಅಂತ ಲೆಕ್ಕಕ್ಕೆ ಹಿಡಿದರಲ್ಲ, ಅವರು ಸಂಸಾರ ಮಾಡಿದವರೇ ಇರಬೇಕು. ಈ ವಿಚಾರ ಕನ್ನಡದಲ್ಲೇ ಓದಬೇಕು ಅನ್ನುವವರಿಗೆ ತೀ.ನಂ.ಶ್ರೀಕಂಠಯ್ಯನವರ ‘ಭಾರತೀಯ ಕಾವ್ಯಮೀಮಾಂಸೆ’ ಇದೆ. ಸುಮ್ನೆ ಹೆದರಬೇಡಿ, ಭಾಷೆ ತಿಳಿಯಾಗಿದೆ. ಮೈಸೂರಿನಲ್ಲಿ ಪಾಠ ಹೇಳಿದ ಇದೇ ಮೇಷ್ಟ್ರು ‘ಒಲುಮೆ’ ಎಂಬ ಪ್ರೇಮಗೀತೆಗಳ ಪುಸ್ತಕವನ್ನೂ ಬರೆದರು. ಅದು ಎಷ್ಟೋ ಜನಕ್ಕೆ ಗೊತ್ತೇ ಇಲ್ಲ.

ಮೊದಲು ಏನು ಓದಲಿ?

ಮೈಸೂರಿನಲ್ಲಿ ಕೂತು ಈ ಪ್ರಶ್ನೆ ಕೇಳಿದರೆ ಉತ್ತರ ಒಂದೇ. ಕೆ.ಎಸ್.ನರಸಿಂಹಸ್ವಾಮಿಯವರ ‘ಮೈಸೂರು ಮಲ್ಲಿಗೆ’. ಕವಿ ಹುಟ್ಟಿದ್ದು 1915ರಲ್ಲಿ ಮಂಡ್ಯ ಜಿಲ್ಲೆಯ ಕಿಕ್ಕೇರಿಯಲ್ಲಿ, ಪುಸ್ತಕ ಬಂದದ್ದು 1942ರಲ್ಲಿ. ಓದದೆ ಇದ್ದವರಿಗೂ ಅರ್ಧ ಪುಸ್ತಕ ಬಾಯಿಗೆ ಬರುತ್ತದೆ. ತೊಂದರೆ ಇರುವುದೂ ಅಲ್ಲೇ. ಹಾಡು ಗೊತ್ತು ಅಂದುಕೊಂಡು ಕವಿತೆಯನ್ನು ಯಾರೂ ನಿಧಾನವಾಗಿ ನೋಡುವುದಿಲ್ಲ.

ನನ್ನದೇ ಕಥೆ ಹೇಳುತ್ತೇನೆ. ಹೈಸ್ಕೂಲಿನಲ್ಲಿ ಒಂದು ಗಾಯನ ಸ್ಪರ್ಧೆ. ರಾಯರು ಮಾವನ ಮನೆಗೆ ಬರುವ ಹಾಡನ್ನು ಹಾಡಿ ಬಂದೆ. ಹಾಡಿದ ಮೇಲೆ ಭಾವಾರ್ಥ ಹೇಳಬೇಕಿತ್ತು. ‘ಪದುಮ ಊರಲ್ಲಿರಲಿಲ್ಲ, ಅದಕ್ಕೆ ರಾಯರಿಗೆ ಬೇಜಾರಾಯಿತು’ ಎಂದೆ. ತೀರ್ಪುಗಾರರು ತಲೆ ಬಗ್ಗಿಸಿಕೊಂಡು ನಕ್ಕರು, ಏನೂ ಹೇಳಲಿಲ್ಲ. ಬಹುಮಾನವೂ ಬರಲಿಲ್ಲ. ಮನೆಗೆ ಬಂದು ಮಂಡ್ಯದ ಅಜ್ಜಿಗೆ ಹೇಳಿದಾಗ ಅವಳು ಸೊಪ್ಪು ಸೋಸುವುದನ್ನು ನಿಲ್ಲಿಸಿ ಹೊಟ್ಟೆ ಹಿಡಿದುಕೊಂಡು ನಕ್ಕಳು. ‘ಅಯ್ಯೋ ಪೆದ್ದೆ, ಒಳಗಿಲ್ಲ ಅಂದ್ರೆ ಹೊರಗಾಗವ್ಳೆ ಕಣೆ!’

ಅಷ್ಟೇ ವಿಷಯ. ಹುಣ್ಣಿಮೆ ರಾತ್ರಿ, ಬಾಗಿಲಲ್ಲಿ ಕಾಲಿಗೆ ಬಿಸಿನೀರಿನ ತಂಬಿಗೆ, ಬೆಳ್ಳಿ ಬಟ್ಟಲಲ್ಲಿ ಗಸಗಸೆ ಪಾಯಸ, ಮೆತ್ತನೆ ಹಾಸಿಗೆ. ಎಲ್ಲ ಇದೆ, ರಾಯರ ಹೆಂಡತಿ ಪದುಮ ಒಬ್ಬಳಿಲ್ಲ. ಅವಳಿರುವುದೋ ಅದೇ ಮನೆಯಲ್ಲಿ, ಒಂದು ಗೋಡೆಯ ಆಚೆ, ಮುಟ್ಟಿನ ಮೂರು ದಿನದ ಆಚೆ. ಬೆಳಿಗ್ಗೆ ರಾಯರು ಮುನಿಸಿನಲ್ಲಿ ಹೊರಟು ನಿಂತಾಗ ಒಳಮನೆಯಲ್ಲಿ ನೀರಾಗಿದೆ ಎನ್ನುತ್ತಾಳೆ ನಾದಿನಿ. ಯಾರಿಗೆ? ಪದುಮನಿಗೆ. ಸ್ನಾನದ ನೀರು ಕಾದಿತು ಅಂದರೆ ಮೂರು ದಿನ ಮುಗಿಯಿತು. ಇಡೀ ವಿರಹ ಒಂದು ರಾತ್ರಿಯದು, ಪರಿಹಾರ ಒಂದು ಹಂಡೆ ನೀರು. ಇಷ್ಟು ಚಿಕ್ಕ ದೂರದಲ್ಲಿ ಇಷ್ಟು ದೊಡ್ಡ ಹಂಬಲ ಇಟ್ಟದ್ದು ನನಗೆ ಇವತ್ತಿಗೂ ಸೋಜಿಗ.

‘ಮೇಘದೂತ’ ಓದೋಕೆ ಸಂಸ್ಕೃತ ಬರಲೇಬೇಕಾ?

ಬೇಡ. ಬೇಂದ್ರೆಯವರ ಕನ್ನಡ ಮೇಘದೂತ ಇದೆ. ಎಸ್.ವಿ.ಪರಮೇಶ್ವರ ಭಟ್ಟರು ಕಾಳಿದಾಸನನ್ನು ಪೂರ್ತಿಯಾಗಿ ಕನ್ನಡಕ್ಕೆ ತಂದಿದ್ದಾರೆ. ಬೇಂದ್ರೆಯವರದು ಹಾಡಿಕೊಳ್ಳೋಕೆ, ಭಟ್ಟರದು ಅರ್ಥ ಹಿಡಿಯೋಕೆ. ಇದು ನನ್ನ ಅನುಕೂಲ, ನಿಮ್ಮದು ಬೇರೆ ಇರಬಹುದು.

ಕಥೆ ಗೊತ್ತಲ್ಲ. ಕೆಲಸದಲ್ಲಿ ತಪ್ಪು ಮಾಡಿದ ಯಕ್ಷನಿಗೆ ಒಂದು ವರ್ಷದ ಗಡೀಪಾರು. ರಾಮಗಿರಿಯಲ್ಲಿದ್ದಾನೆ, ಹೆಂಡತಿ ದೂರದ ಅಲಕೆಯಲ್ಲಿ. ಎಂಟು ತಿಂಗಳು ಕಳೆದಿವೆ, ನಾಲ್ಕು ಬಾಕಿ. ಆಷಾಢದ ಮೊದಲ ದಿನ ಬೆಟ್ಟಕ್ಕೆ ತಗುಲಿಕೊಂಡ ಮೋಡ ಕಾಣುತ್ತದೆ. ಅದರ ಕೈಯಲ್ಲಿ ಹೆಂಡತಿಗೆ ಸುದ್ದಿ ಹೇಳಿ ಕಳಿಸುತ್ತಾನೆ.

ಈ ಆಷಾಢ ನಮ್ಮವರಿಗೆ ಟಿಪ್ಪಣಿ ಇಲ್ಲದೆ ಅರ್ಥವಾಗುತ್ತದೆ. ನಮ್ಮ ಕಡೆ ಮದುವೆಯಾದ ಮೊದಲ ಆಷಾಢದಲ್ಲಿ ಹೊಸ ಸೊಸೆಯನ್ನು ತವರಿಗೆ ಕಳಿಸುತ್ತಾರೆ. ಅತ್ತೆ ಸೊಸೆ ಒಂದೇ ಹೊಸಿಲು ದಾಟಬಾರದು ಅಂತ ನೆಪ. ಆ ತಿಂಗಳ ಶುಕ್ರವಾರಗಳಲ್ಲಿ ಚಾಮುಂಡಿ ಬೆಟ್ಟದಲ್ಲಿ ಕಾಲಿಡಲು ಜಾಗ ಇರುವುದಿಲ್ಲ. ಆ ಗುಂಪಿನಲ್ಲಿ ತವರಿನವರ ಜೊತೆ ಬಂದ ಹೊಸ ಹುಡುಗಿ, ಗೆಳೆಯರ ಜೊತೆ ‘ಅಕಸ್ಮಾತ್ತಾಗಿ’ ಬಂದ ಅವಳ ಗಂಡ, ಇಬ್ಬರೂ ಕ್ಯೂನಲ್ಲಿ ಸಿಕ್ಕಿಬೀಳುವುದುಂಟು. ಯಕ್ಷನಿಗೆ ಈ ಅನುಕೂಲ ಇರಲಿಲ್ಲ, ಪಾಪ.

ಮೋಡ, ಹಂಸ ಎಲ್ಲ ಸರಿ. ನಮ್ಮ ಊರಲ್ಲಿ ಸುದ್ದಿ ತರುತ್ತಿದ್ದವರು ಯಾರು?

ಬಳೆಗಾರ. ‘ಮೈಸೂರು ಮಲ್ಲಿಗೆ’ಯ ಬಳೆಗಾರ ಚೆನ್ನಯ್ಯ ನಿಮಗೆ ಗೊತ್ತೇ ಇದ್ದಾನೆ. ತವರಿನಲ್ಲಿರುವ ಹೆಂಡತಿಯ ಕಡೆಯಿಂದ ಗಂಡನ ಮನೆ ಬಾಗಿಲಿಗೆ ಬಂದು ನಿಲ್ಲುತ್ತಾನೆ. ನವಿಲೂರಿಂದ ಒಂದು ಮಾತು ತಂದಿದ್ದೇನೆ, ನಿಮಗೆ ಬಳೆ ತೊಡಿಸುವುದಿಲ್ಲ ಎನ್ನುತ್ತಾನೆ. ಎಂಥಾ ಮಾತು ನೋಡಿ. ಊರೂರು ತಿರುಗುವ, ಹೆಂಗಸರ ಕೈ ಹಿಡಿಯಲು ಊರೇ ಒಪ್ಪಿದ ಒಬ್ಬನೇ ಪರಗಂಡಸು ಅವನು. ಬಳೆ ತೊಡಿಸುವಾಗ ಕೈ ಸೊರಗಿದೆಯೋ ತುಂಬಿದೆಯೋ ಅವನಿಗೆ ಮೊದಲು ತಿಳಿಯುತ್ತದೆ.

ಇಲ್ಲಿ ಒಂದು ಸಣ್ಣ ಮೋಜು ಇದೆ. ಹಳೆಯ ಕಾವ್ಯದಲ್ಲಿ ಅಗಲಿಕೆಯ ಅಳತೆಗೋಲೇ ಬಳೆ. ಮೇಘದೂತದ ಎರಡನೇ ಪದ್ಯದಲ್ಲೇ ಯಕ್ಷನ ಕೈ ಸೊರಗಿ ಚಿನ್ನದ ಕಡಗ ಜಾರಿ ಬಿದ್ದಿದೆ. ಗಂಡಸಿನ ಕೈಯದು, ಗಮನಿಸಿ. ಸಂಸ್ಕೃತ ಕವಿ ಅಮರುಕನ ಒಂದು ಪದ್ಯದಲ್ಲಿ ನಲ್ಲ ಹೊರಟೆನೆಂದ ಕೂಡಲೇ ಮೊದಲು ಪ್ರಯಾಣ ಹೊರಡುವುದು ಅವಳ ಬಳೆಗಳು. ಆಮೇಲೆ ಕಣ್ಣೀರು, ಧೈರ್ಯ, ಮನಸ್ಸು ಒಂದರ ಹಿಂದೆ ಒಂದು. ಎಲ್ಲರೂ ಹೊರಟ ಮೇಲೆ ನೀನೊಬ್ಬನೇ ಯಾಕೆ ಉಳಿದೆ ಅಂತ ಅವಳು ತನ್ನ ಜೀವವನ್ನೇ ಕೇಳುತ್ತಾಳೆ. ಇಷ್ಟೆಲ್ಲ ಜಾರಿದ ಬಳೆಗಳ ಸಾಲಿನ ಕೊನೆಯಲ್ಲಿ ನಮ್ಮ ಚೆನ್ನಯ್ಯ ಹೊಸ ಬಳೆ ಹೊತ್ತು ಬಾಗಿಲಲ್ಲಿ ನಿಂತಿದ್ದಾನೆ. ಕವಿ ಇದನ್ನು ಲೆಕ್ಕ ಹಾಕಿ ಮಾಡಿದರು ಅಂತ ನಾನು ಹೇಳುತ್ತಿಲ್ಲ. ಓದುವಾಗ ಹಾಗೆ ಕಾಣುತ್ತದೆ, ಅಷ್ಟೇ.

ಯಾವಾಗಲೂ ಹೆಂಗಸೇ ಯಾಕೆ ಕಾಯುತ್ತಾ ಕೂರಬೇಕು?

ಕೂಟದಲ್ಲಿ ಹೆಚ್ಚು ಜಗಳ ಆಗುವುದು ಇದೇ ಪ್ರಶ್ನೆಗೆ. ಆಗಲೇಬೇಕು. ನಾಟ್ಯಶಾಸ್ತ್ರದ ಎಂಟು ನಾಯಿಕೆಯರ ಪಟ್ಟಿ ನೋಡಿ. ಮನೆ ಸಿಂಗರಿಸಿ ಕಾಯುವವಳು, ಬರದೆ ಹೋದದ್ದಕ್ಕೆ ಕೊರಗುವವಳು, ಬೇರೆಯವಳ ಹತ್ತಿರ ಹೋಗಿ ಬಂದವನನ್ನು ಬೈಯುವವಳು, ಜಗಳ ಆಡಿ ಕಳಿಸಿ ಆಮೇಲೆ ಪೇಚಾಡುವವಳು. ತಾನೇ ಎದ್ದು ಹೊರಡುವವಳು ಅಭಿಸಾರಿಕೆ ಒಬ್ಬಳೇ. ಬರೆದವರು ಬಹುಪಾಲು ಗಂಡಸರು. ತಮಗಾಗಿ ಯಾರೋ ಕಾಯುತ್ತಿದ್ದಾರೆ ಅಂದುಕೊಳ್ಳುವುದು ಅವರಿಗೂ ಹಿತವಾಗಿದ್ದಿರಬೇಕು.

ಆದರೆ ಚಿತ್ರ ಪೂರ್ತಿ ಅದೇ ಅಲ್ಲ. ಯಕ್ಷ ಗಂಡಸು, ರಾಯರು ಗಂಡಸು. ಇನ್ನು ಹನ್ನೆರಡನೇ ಶತಮಾನದ ಅಕ್ಕಮಹಾದೇವಿ ಕೂರಲೇ ಇಲ್ಲ. ಗಿಳಿಯನ್ನು, ಕೋಗಿಲೆಯನ್ನು, ದುಂಬಿಯನ್ನು ‘ನೀವು ಕಂಡಿರಾ’ ಅಂತ ಕೇಳುತ್ತಾ ಕಾಡಲ್ಲಿ ನಡೆದಳು. ಕಾಯುವುದು ಬೇರೆ, ಹುಡುಕುವುದು ಬೇರೆ. ಹುಡುಗಿಯರಿಗೆ ನಾನು ಅಕ್ಕನನ್ನು ಮೊದಲು ಓದಿ ಎನ್ನುತ್ತೇನೆ. ಹುಡುಗರಿಗೂ.

ದೇವರ ಮೇಲಿನ ಪ್ರೀತಿಯ ಹಾಡನ್ನೂ ಪ್ರೇಮಗೀತೆ ಅನ್ನಬಹುದಾ?

ರಾಧೆ ಕೃಷ್ಣರ ಪ್ರೇಮವನ್ನು ಹಾಡುವ ಜಯದೇವನ ‘ಗೀತಗೋವಿಂದ’ ಓದಿದ ಮೇಲೆ ಈ ಗೆರೆ ಎಳೆಯುವುದು ಕಷ್ಟ. ದೇವಸ್ಥಾನದಲ್ಲೂ ಹಾಡುತ್ತಾರೆ, ನಾಟ್ಯದ ಮೇಳದಲ್ಲೂ ಹಾಡುತ್ತಾರೆ. ಶ್ರೀರಂಗಪಟ್ಟಣದಿಂದ ಆಳಿದ ಚಿಕ್ಕದೇವರಾಜ ಒಡೆಯರ ಕಾಲದಲ್ಲಿ ಅದೇ ಮಾದರಿಯಲ್ಲಿ ಕನ್ನಡದ ‘ಗೀತಗೋಪಾಲ’ ಬಂತು. ಮೇಲುಕೋಟೆಯಲ್ಲಿ ಹುಟ್ಟಿದ ಪು.ತಿ.ನ. ಬರೆದ ಗೀತನಾಟಕ ‘ಗೋಕುಲ ನಿರ್ಗಮನ’ವೂ ಇದೇ ಸಾಲಿನದು. ಕೃಷ್ಣ ಗೋಕುಲ ಬಿಟ್ಟು ಹೋಗುವ ಹೊತ್ತು. ಇಲ್ಲಿ ಅಗಲಿಕೆ ಒಬ್ಬ ರಾಧೆಯದಲ್ಲ, ಒಂದು ಇಡೀ ಹಳ್ಳಿಯದು.

ಮೇಲುಕೋಟೆ ಅಂದ ಮೇಲೆ ಬೀಬಿ ನಾಚ್ಚಿಯಾರ್ ಬಗ್ಗೆ ಹೇಳದೆ ಇರೋಕಾಗಲ್ಲ. ಚೆಲುವನಾರಾಯಣನ ಉತ್ಸವಮೂರ್ತಿ ದೆಹಲಿಯ ಅರಮನೆ ಸೇರಿತ್ತಂತೆ. ಸುಲ್ತಾನನ ಮಗಳು ಅದನ್ನು ಗೊಂಬೆ ಮಾಡಿಕೊಂಡು ಆಡುತ್ತಿದ್ದಳು. ರಾಮಾನುಜರು ಬಂದು ‘ಚೆಲ್ವಪಿಳ್ಳೆ’ ಎಂದು ಕರೆದಾಗ ಮೂರ್ತಿ ನಡೆದು ಬಂದು ಅವರ ತೊಡೆ ಏರಿತು. ಅವರು ಅದನ್ನು ಮೇಲುಕೋಟೆಗೆ ತಂದರು. ಹುಡುಗಿ ಅಗಲಿರಲಾರದೆ ಹಿಂದೆಯೇ ಬಂದು ದೇವರಲ್ಲಿ ಸೇರಿಹೋದಳು. ಅವಳೇ ಬೀಬಿ ನಾಚ್ಚಿಯಾರ್. ಅವಳ ಮೂರ್ತಿ ಇವತ್ತೂ ದೇವರ ಪಾದದ ಬಳಿ ಇದೆ. ಇತಿಹಾಸದ ಲೆಕ್ಕ ಕೂಡುವುದಿಲ್ಲ. ದೆಹಲಿ ಸುಲ್ತಾನರ ಆಳ್ವಿಕೆ ಶುರುವಾದದ್ದೇ 1206ರಲ್ಲಿ, ರಾಮಾನುಜರು ಅದಕ್ಕೂ ಮುಂಚಿನವರು. ಲೆಕ್ಕ ಕೂಡದ ಕಥೆಯನ್ನು ಊರು ಇಷ್ಟು ಜೋಪಾನವಾಗಿ ಇಟ್ಟುಕೊಂಡಿದೆಯಲ್ಲ, ಅದನ್ನು ಯೋಚಿಸಿ.

ಜನಪದರಂತೂ ದೇವರನ್ನೂ ಬಿಡಲಿಲ್ಲ. ನಮ್ಮ ಕಡೆಯ ಹಾಡುಗಳಲ್ಲಿ ಬೆಟ್ಟದ ಚಾಮುಂಡಿಗೂ ನಂಜನಗೂಡಿನ ನಂಜುಂಡನಿಗೂ ಪ್ರೇಮ. ನಂಜುಂಡನ ಮನೆಯಲ್ಲಿ ಹೆಂಡತಿ ಬೇರೆ ಇದ್ದಾಳೆ. ಆಮೇಲಿನ ಜಗಳವನ್ನು ಹಾಡುಗಾರರು ರಾತ್ರಿಯಿಡೀ ಹಾಡುತ್ತಾರೆ.

ಜಾವಳಿ ಅಂದರೆ ಏನು? ಭಾವಗೀತೆಯೇ?

ಅಲ್ಲ. ಜಾವಳಿ ನಾಟ್ಯದ ಜೊತೆ ಬೆಳೆದ ಚುರುಕಾದ ಶೃಂಗಾರದ ಹಾಡು. ಕಮಾಚ್, ಬೇಹಾಗ್, ಕಾಪಿಯಂಥ ಹಗುರ ರಾಗಗಳು. ಮಾತು ನೇರ, ಸ್ವಲ್ಪ ತುಂಟ. ‘ಯಾಕೆ ಬರಲಿಲ್ಲ’ ಎಂಬುದನ್ನು ‘ಪದ’ ಎಂಬ ನಿಧಾನದ ಶೃಂಗಾರದ ಹಾಡು ಅಳುತ್ತಾ ಕೇಳಿದರೆ ಜಾವಳಿ ಸೊಂಟದ ಮೇಲೆ ಕೈಯಿಟ್ಟು ಕೇಳುತ್ತದೆ.

ಮೈಸೂರು ಅರಮನೆಯಲ್ಲಿ ಇದಕ್ಕೆ ದೊಡ್ಡ ಹೆಸರು ಜಟ್ಟಿ ತಾಯಮ್ಮ. ಪೈಲ್ವಾನರ ಮಗಳು, ಅದಕ್ಕೇ ‘ಜಟ್ಟಿ’. ಅವರ ಶಿಷ್ಯೆ ಕೆ.ವೆಂಕಟಲಕ್ಷಮ್ಮ, 1992ರಲ್ಲಿ ಪದ್ಮಭೂಷಣ ಬಂದವರು. ಅಮರುಕನ ಪದ್ಯ, ಗೀತಗೋವಿಂದದ ಹಾಡುಗಳಾದ ಜಯದೇವನ ಅಷ್ಟಪದಿ, ಜಾವಳಿ, ಇವೆಲ್ಲವನ್ನೂ ಅಭಿನಯದಲ್ಲಿ ಬಿಡಿಸುವುದು ಮೈಸೂರು ಶೈಲಿಯ ಹೆಗ್ಗಳಿಕೆ. ಒಂದೇ ಸಾಲನ್ನು ಹತ್ತು ಸಲ ಹಾಡುತ್ತಾರೆ, ಹತ್ತು ಸಲವೂ ಮುಖದಲ್ಲಿ ಬೇರೆ ಅರ್ಥ. ಮೊದಲ ಸಲ ಸಿಟ್ಟು, ಎರಡನೇ ಸಲ ಅನುಮಾನ, ಮೂರನೇ ಸಲ ‘ಪಾಪ, ಏನಾಯಿತೋ’. ಕಾಯುವವರ ತಲೆಯೊಳಗೆ ನಡೆಯುವುದೂ ಇದೇ ಅಲ್ವಾ?

ಅಗಲಿಕೆ ಅಂದರೆ ಗಂಡ ಹೆಂಡತಿಯದು ಮಾತ್ರವಾ?

ಶಾಸ್ತ್ರ ಹಾಗೆ ಹೇಳಬಹುದು. ಸೋಬಾನೆ ಹಾಡುವ ಹೆಂಗಸರು ಒಪ್ಪುವುದಿಲ್ಲ. ಹೆಣ್ಣು ಒಪ್ಪಿಸುವ ಹೊತ್ತಿನ ಹಾಡಿಗೆ ಅಳದ ಛತ್ರ ನಾನು ನೋಡಿಲ್ಲ. ಶಾಕುಂತಲದ ನಾಲ್ಕನೇ ಅಂಕವೂ ಅದೇ ಅಲ್ವಾ? ಜಿಂಕೆಮರಿ ಸೆರಗು ಹಿಡಿದು ಎಳೆಯುತ್ತದೆ. ಕಾಡಿನ ಮುನಿ ನನಗೇ ಹೀಗಾದರೆ ಸಂಸಾರಿಗಳ ಗತಿಯೇನು ಎಂದು ಕಣ್ವ ಕೇಳುತ್ತಾನೆ. ಆ ನಾಟಕವನ್ನು ಕನ್ನಡಕ್ಕೆ ತಂದವರು ಮೈಸೂರು ಅರಮನೆಯ ಬಸವಪ್ಪ ಶಾಸ್ತ್ರಿಗಳು. ‘ಅಭಿನವ ಕಾಳಿದಾಸ’ ಎಂಬ ಬಿರುದು ಅವರಿಗೆ ಸುಮ್ನೆ ಬರಲಿಲ್ಲ.

ತಮಿಳಿನ ಸಂಗಂ ಕವಿತೆ ನಮಗೆ ಯಾಕೆ?

ತಮಿಳಿನ ತುಂಬಾ ಹಳೆಯ ಕವಿತೆ ಅದು, ಪಕ್ಕದ ಮನೆಯದು, ಅದಕ್ಕೆ. ಜೊತೆಗೆ ಅದನ್ನು ಇಂಗ್ಲಿಷಿನಲ್ಲಿ ಜಗತ್ತಿಗೆ ತೋರಿಸಿದವರು ಮೈಸೂರಿನಲ್ಲಿ ಹುಟ್ಟಿ ಮಹಾರಾಜಾ ಕಾಲೇಜಿನಲ್ಲಿ ಓದಿದ ಎ.ಕೆ.ರಾಮಾನುಜನ್. ‘ಕುರುಂತೊಗೈ’ ಎಂಬ ಸಂಗಂ ಸಂಕಲನದಿಂದ ಆರಿಸಿದ ಅವರ ಅನುವಾದ 1967ರಲ್ಲಿ ಬಂತು. ಕೆಂಪು ಮಣ್ಣಿಗೆ ಬಿದ್ದ ಮಳೆನೀರಿನ ಹಾಗೆ ನಮ್ಮ ಮನಸ್ಸು ಬೆರೆಯಿತು ಎನ್ನುವ ಕವಿತೆ ಅದರಲ್ಲಿದೆ. ಮಳೆ ಬಿದ್ದಾಗ ನಮ್ಮ ಹೊಲದ ಬದು ನೋಡಿದವರಿಗೆ ಇನ್ನೇನು ವಿವರಿಸುವುದು?

ಸಂಗಂ ಕವಿಗಳ ಲೆಕ್ಕದಲ್ಲಿ ಪ್ರೀತಿಯ ಒಂದೊಂದು ಸ್ಥಿತಿಗೂ ಒಂದೊಂದು ನೆಲ. ಬೆಟ್ಟ ಅಂದರೆ ನಲ್ಲ ನಲ್ಲೆ ಕೂಡುವುದು, ಕಾಡು ಅಂದರೆ ತಾಳ್ಮೆಯ ಕಾಯುವಿಕೆ, ಕಡಲ ತೀರ ಅಂದರೆ ಕೊರಗು, ಒಣಗಿದ ದಾರಿ ಅಂದರೆ ಅಗಲಿಕೆ. ಗದ್ದೆಬಯಲು ಅಂದರೆ ಬೇರೆಯವಳ ಮನೆಗೆ ಹೋಗಿ ಬಂದ ಗಂಡ, ಬಾಗಿಲು ತೆಗೆಯದ ಹೆಂಡತಿ. ಇದನ್ನು ಓದಿದ ದಿನ ಕೂಟದ ಮಂಡ್ಯದವರು ಗಲಾಟೆ ಮಾಡಿದರು. ನಾನು ಸಮಾಧಾನ ಹೇಳಿದೆ: ಕನ್ನಂಬಾಡಿಯ ನಾಲೆ ಬರುವ ಮುಂಚೆ ಮಂಡ್ಯದ ಬಹುಪಾಲು ಒಣಭೂಮಿ, ಗದ್ದೆ ಬಂದದ್ದು ಆಮೇಲೆ. ಅಂದರೆ ನಿಮ್ಮ ಮುತ್ತಜ್ಜಂದಿರು ಒಳ್ಳೆಯವರೇ.

ಗಜಲ್ ಯಾಕೆ ಓದುವುದಿಲ್ಲ ನೀವು?

ಓದುತ್ತೇವೆ, ಕಡಿಮೆ. ಗಜಲಿನ ಎರಡೆರಡು ಸಾಲು ಒಂದೊಂದು ಬೇರೆ ಮಣಿ, ದಾರ ಮಾತ್ರ ಪ್ರಾಸದ್ದು. ಅದರ ಅಗಲಿಕೆಯಲ್ಲಿ ನಲ್ಲೆ ಸಿಗುವ ಭರವಸೆ ಕಡಿಮೆ. ಸಿಗದೆ ಇರುವುದೇ ಅದರ ಸೊಗಸು. ನನ್ನ ಕಿವಿಗೆ ಬಾಗಿಲು ಬೇಕು ಅಂತ ಆಗಲೇ ಹೇಳಿದೆನಲ್ಲ.

ಸಿನಿಮಾ ಹಾಡು ಲೆಕ್ಕಕ್ಕೆ ಉಂಟಾ?

ಖಂಡಿತ. ವಿರಹ ನೂರು ನೂರು ತರಹ ಎಂಬ ಮಾತು ಊರಿಗೆಲ್ಲ ಗೊತ್ತಾದದ್ದು ಶಾಸ್ತ್ರದ ಪುಸ್ತಕದಿಂದ ಅಲ್ಲ, 1973ರ ‘ಎಡಕಲ್ಲು ಗುಡ್ಡದ ಮೇಲೆ’ ಚಿತ್ರದಿಂದ. ಹಾಡಿದ್ದು ಎಸ್.ಜಾನಕಿ, ನಿರ್ದೇಶಕರು ಪಿರಿಯಾಪಟ್ಟಣದ ಕಣಗಾಲಿನ ಪುಟ್ಟಣ್ಣ. ಒಂದು ಎಚ್ಚರಿಕೆ: ಮದುವೆ ಆರತಕ್ಷತೆಯಲ್ಲಿ ಹಾಡಬೇಡಿ. ನಮ್ಮ ನೆಂಟರ ಮದುವೆಯಲ್ಲಿ ಆರ್ಕೆಸ್ಟ್ರಾದವರು ಹಾಡಿದರು. ಹುಡುಗ ಮುಂದಿನ ವಾರ ದುಬೈಗೆ ಹೊರಡುವವನಿದ್ದ. ಹುಡುಗಿಯ ಕಾಡಿಗೆಯೆಲ್ಲ ಫೋಟೊದಲ್ಲಿ ಕೆನ್ನೆಯ ಮೇಲಿದೆ.

ಹಾಡು ಕೇಳಲೋ, ಪುಸ್ತಕ ಓದಲೋ?

ಎರಡೂ. ಮೈಸೂರು ಅನಂತಸ್ವಾಮಿ, ಸಿ.ಅಶ್ವತ್ಥ್ ಇಲ್ಲದಿದ್ದರೆ ಈ ಕವಿತೆಗಳು ನಮ್ಮ ಅಡುಗೆಮನೆ ತನಕ ಬರುತ್ತಿರಲಿಲ್ಲ. ಆದರೆ ಹಾಡು ಮಾಡುವಾಗ ಎಷ್ಟೋ ಸಲ ನಡುವಿನ ನುಡಿ ಬಿಡುತ್ತಾರೆ. ಬಿಟ್ಟ ನುಡಿಯಲ್ಲೇ ತಂಬಿಗೆ, ದಿಂಬು, ನಾದಿನಿ ಇರುತ್ತಾರೆ. ಹಾಡು ಕೇಳಿದ ದಿನವೇ ಪುಸ್ತಕ ತೆಗೆದು ಬಿಟ್ಟದ್ದು ಯಾವುದು ಅಂತ ನೋಡಿ.

ವಾಟ್ಸಾಪ್ ಇರುವಾಗ ವಿರಹ ಎಲ್ಲಿ ಬಂತು?

ಭಾನುವಾರ ಸಂಜೆ ಮಂಡ್ಯ ರೈಲು ನಿಲ್ದಾಣಕ್ಕೆ ಬನ್ನಿ. ಬೆಂಗಳೂರಿನ ಗಾಡಿ ಹೊರಟ ಮೇಲೂ ಪ್ಲಾಟ್‌ಫಾರಂನಲ್ಲಿ ನಿಂತಿರುವವರನ್ನು ನೋಡಿ. ಕೈಯಲ್ಲಿ ಫೋನಿದೆ. ಗಾಡಿ ಮದ್ದೂರು ದಾಟುವ ಮುಂಚೆ ಮಾತಾಡುತ್ತಾರೆ, ಗೊತ್ತು. ಆದರೂ ನಿಂತಿರುತ್ತಾರೆ.

ಬಿಕ್ಕಳಿಕೆ ಬಂದರೆ ಯಾರೋ ನೆನೆಸಿಕೊಳ್ಳುತ್ತಿದ್ದಾರೆ ಅನ್ನೋದು ಯಾವ ಕವಿಯ ಕಲ್ಪನೆ?

ಯಾವ ಕವಿಯದೂ ಅಲ್ಲ, ಮನೆಮನೆಯದು. ಬಿಕ್ಕಳಿಕೆ ಬಂದಾಗ ನೆಂಟರ ಹೆಸರು ಒಂದೊಂದೇ ಹೇಳಬೇಕು. ಯಾರ ಹೆಸರಿಗೆ ನಿಲ್ಲುತ್ತದೋ ಅವರು ನೆನೆಸಿಕೊಂಡರು ಅಂತ. ತಾತ ಸಕ್ಕರೆ ಕಾರ್ಖಾನೆಯ ರಾತ್ರಿ ಪಾಳಿಗೆ ಹೋಗುತ್ತಿದ್ದ ಕಾಲದಲ್ಲಿ ಅಜ್ಜಿಗೆ ಊಟದ ಹೊತ್ತಿಗೆ ಸರಿಯಾಗಿ ಬಿಕ್ಕಳಿಕೆ. ತಂಗಿಯ ಹೆಸರು ಹೇಳುವಳು, ಅಣ್ಣಂದಿರ ಹೆಸರು ಹೇಳುವಳು, ಸೋದರಮಾವನ ಹೆಸರು, ಹೆರಿಗೆಗೆ ಹೋದ ಮಗಳ ಹೆಸರು. ನಿಲ್ಲುತ್ತಿರಲಿಲ್ಲ. ಗಂಡನ ಹೆಸರು ಹೇಳುವ ಹಾಗಿರಲಿಲ್ಲ. ಕೊನೆಗೆ ಎದ್ದು ಹೋಗಿ ಗಡಿಗೆಯಿಂದ ಒಂದು ಲೋಟ ನೀರು ಕುಡಿದು ಬರುವಳು.